ಏಕಾಂತದ ಸೀಜನ್

(ಪೀಣ್ಯ ಎರಡನೇ ಹಂತ. ಟೀ ಅಂಗಡಿ ಮುಂದೆ ಲೇತ್ ಅಂಗಡಿ ಸಾಹುಕಾರರು, ಟೆಂಪೊ ಟ್ರಾವೆಲರ್ ಡ್ರೈವರ್. ಬೈಟೂ ಟೀ.)

ಸಾಹುಕಾರ: ಏನಪ್ಪಾ, 2020ರ ಲಾಕ್‌ಡೌನ್‌ನಲ್ಲಿ ಇದೇ ಗಾಡೀಲಿ ಈರುಳ್ಳಿ ಮಾರ್ತಿದ್ದೆ. ಈಗ ಫೋನೇ ಎತ್ತಲ್ಲ!

ಡ್ರೈವರ್: ಶುಕ್ರವಾರ ಅಲ್ವಾ ಸಾರ್. ಊರಿಗೆ ಊರೇ ತುಮಕೂರು ರೋಡಲ್ಲಿದೆ. ಗೊರಗುಂಟೆಪಾಳ್ಯದಿಂದ ನೆಲಮಂಗಲ ಮುಟ್ಟೋದೇ ಅರ್ಧ ಟೂರು.

ಸಾಹುಕಾರ: ಅಷ್ಟೊಂದು ಜನ ಎಲ್ಲಿಗಯ್ಯಾ?

ಡ್ರೈವರ್: ಏಕಾಂತ ಹುಡುಕ್ಕೊಂಡು ಸಾರ್. ಎಲ್ಲಾ ಒಂದೇ ಕಡೆ. 2024ರ ಜನವರೀಲಿ ಕುಮಾರಪರ್ವತದ ಬುಡದಲ್ಲಿ ರೇಷನ್ ಅಂಗಡಿ ಕ್ಯೂ! ಆಮೇಲೆ ಕೆಲಕಾಲ ಚಾರಣ ನಿಲ್ಲಿಸಿ ಆನ್‌ಲೈನ್ ಬುಕಿಂಗ್ ತಂದ್ರು. ನಮ್ಮೋರು ಬುಡಕ್ಕೆ ಹೋಗಿ ಮೊಬೈಲ್ ತೆಗೀತಾರೆ, ನೆಟ್‌ವರ್ಕ್ ಇರಲ್ಲ. ಸಿಕ್ಕ ಏಕಾಂತ ಅಷ್ಟೇ.

ಸಾಹುಕಾರ: ನನ್ನ ಹುಡುಗ್ರು ಸೋಮವಾರ ಲೇತ್ ಮುಂದೆ ತೂಕಡಿಸ್ತಾರೆ. ಕೇಳಿದ್ರೆ, ‘ರಿಲ್ಯಾಕ್ಸ್ ಆಗಕ್ಕೆ ಹೋಗಿದ್ವಿ ಸಾರ್’! ಮನೇಲೂ ಅದೇ ಕಥೆ. 2023ರ ಜೂನ್ 11ಕ್ಕೆ ಹೆಂಗಸರಿಗೆ ಸರ್ಕಾರಿ ಬಸ್ ಫ್ರೀ ಅಂತ ಶಕ್ತಿ ಯೋಜನೆ ಶುರುವಾಯ್ತು ನೋಡು, ನಮ್ಮನೆಯವಳು ಧರ್ಮಸ್ಥಳ, ಕುಕ್ಕೆ, ಹೊರನಾಡು. ನನಗೆ ಫ್ರಿಜ್‌ನಲ್ಲಿ ಮೊಸರನ್ನ.

ಡ್ರೈವರ್: ನಂಗೂ ಅದೇ ಹೊಟ್ಟೆಯುರಿ. ಬೆಟ್ಟದ ಭಕ್ತರು ನನ್ನ ಗಾಡಿಗೆ, ದೇವರ ಭಕ್ತೆಯರು ಕೆಂಪು ಬಸ್ಸಿಗೆ. ಮೊದಲು ಒಂದು ಮನೆ ಅಂದ್ರೆ ಗಾಡಿ ತುಂಬ್ತಿತ್ತು. ಈಗ ಅವರ ಗಂಡಂದಿರು ಮಾತ್ರ ಬಂದು ರೇಟ್ ಚೌಕಾಸಿ ಮಾಡ್ತಾರೆ.

ಸಾಹುಕಾರ: ನಿಜವಾದ ಏಕಾಂತ ಬೇಕಾದ್ರೆ ಇಲ್ಲೇ ಇದೆಯಲ್ಲೋ. 2014ರಲ್ಲಿ ಶುರುಮಾಡಿದ ಬಸವೇಶ್ವರ ಬಸ್ ನಿಲ್ದಾಣ. ಬಸ್ಸುಗಳೇ ಬೇಜಾರಾಗಿ ಮೆಜೆಸ್ಟಿಕ್‌ಗೆ ವಾಪಸ್ ಓಡಿದ್ವು!

ಡ್ರೈವರ್: (ಯೋಚಿಸುತ್ತಾ) ಹತ್ರದಲ್ಲಿ ಹೋಂಸ್ಟೇ ಸಿಗುತ್ತಾ ಸಾರ್? ಊಟ ಸೇರಿಸಿ ಪ್ಯಾಕೇಜ್ ಮಾಡ್ಬಿಡ್ತೀನಿ.