ಸದರಿ ಊರು ಮೊಫಸಿಲ್

ಇಂಗ್ಲಿಷಿನಲ್ಲಿ ‘ಮೊಫಸಿಲ್’ ಎಂಬ ಒಂದು ವಿಶೇಷಣವಿದೆ. ಇಂಗ್ಲೆಂಡಿನಲ್ಲೇ ಹುಟ್ಟಿ ಬೆಳೆದ ಹೆಚ್ಚಿನವರಿಗೆ ಅದರ ಗಂಧಗಾಳಿ ಇಲ್ಲ. ಅಮೆರಿಕದವರ ಮುಂದೆ ಹೇಳಿದರೆ ಹೊಟ್ಟೆನೋವಿನ ಗುಳಿಗೆ ಇರಬಹುದು ಎಂದುಕೊಂಡಾರು. ಹಾಗಿದ್ದೂ ಬಾಗಲಕೋಟೆ ಜಿಲ್ಲೆಯ ಮಹಾಲಿಂಗಪುರದ ಬಸ್ ಸ್ಟ್ಯಾಂಡಿನಲ್ಲಿ ಮೆಲುಕು ಹಾಕುತ್ತ ಮಲಗಿದ ಆಕಳಿಗೂ ಅದು ಸಲ್ಲುತ್ತದೆ. ಮೊಫಸಿಲ್ ಬಸ್ಸು, ಮೊಫಸಿಲ್ ಕಾಲೇಜು, ಮೊಫಸಿಲ್ ವರದಿಗಾರ, ಆ ಕಾಲೇಜಿನಲ್ಲಿ ಕಲಿತು ಆ ಬಸ್ಸು ಹತ್ತಿ ಬೆಂಗಳೂರಿಗೆ ಹೋದ ಹುಡುಗನ ಮೊಫಸಿಲ್ ಇಂಗ್ಲಿಷು. ಹುಡುಗನ ಉಚ್ಚಾರ ಕೇಳಿ ನಗುವ ಮ್ಯಾನೇಜರನಿಗೆ ಆ ಪದವನ್ನು ಬರೆದು ತೋರಿಸಿ ಎಂದರೆ ಎಸ್ಸು ಒಂದೋ ಎರಡೋ ಎಂದು ತಡವರಿಸುತ್ತಾನೆ, ಆ ಮಾತು ಬೇರೆ.

ಅರ್ಥವೇನೂ ಬ್ರಹ್ಮವಿದ್ಯೆಯಲ್ಲ. ಸಾಹೇಬರು ಕೂತ ಊರು ಸದರು, ಉಳಿದದ್ದೆಲ್ಲ ಮೊಫಸಿಲ್. 1772ರಲ್ಲಿ ವಾರನ್ ಹೇಸ್ಟಿಂಗ್ಸ್ ಈಸ್ಟ್ ಇಂಡಿಯಾ ಕಂಪನಿಯ ನ್ಯಾಯಾಲಯಗಳನ್ನು ಕಟ್ಟುವಾಗ ಕಲ್ಕತ್ತೆಗೊಂದು ಸದರ್ ದಿವಾನಿ ಅದಾಲತ್, ಜಿಲ್ಲೆಗಳಿಗೆ ಮೊಫಸಿಲ್ ದಿವಾನಿ ಅದಾಲತ್ ಎಂದು ಹಂಚಿಬಿಟ್ಟ. ಅರಬ್ಬಿಯಲ್ಲಿ ಅದು ‘ಬಿಡಿಸಿದ’, ‘ಬೇರ್ಪಡಿಸಿದ’ ಎಂಬ ಪದ. ಉರ್ದುವಿನಲ್ಲಿ ಇವತ್ತಿಗೂ ಮುಫಸ್ಸಲ್ ಎಂದರೆ ಸವಿಸ್ತಾರ, ಒಂದೂ ಬಿಡದೆ ಹೇಳಿದ್ದು. ಸವಿಸ್ತಾರ ಎಂಬ ಅರ್ಥ ಹೊತ್ತು ಹೊರಟ ಈ ಪದ ಕನ್ನಡ ಪತ್ರಿಕೆಗಳ ಕಚೇರಿ ಮುಟ್ಟುವಷ್ಟರಲ್ಲಿ ಎರಡು ಸಾಲಿಗೆ ಇಳಿದಿತ್ತು. ರಾತ್ರಿ ಎಂಟರ ಹೊತ್ತಿಗೆ ಡೆಸ್ಕಿಗೆ ಹೋಗುವ ಫೋನು ಸಾಮಾನ್ಯವಾಗಿ ಹೀಗಿರುತ್ತದೆ:

“ಸರ, ತಾಲ್ಲೂಕ ಬೇಕಂತ ಇವತ್ತ ಊರ ಪೂರ್ತಿ ಬಂದ್ ಐತ್ರಿ.”

“ಕಲ್ಲು ಬಿತ್ತೇನ್ರೀ?”

“ಇಲ್ರಿ, ಎಲ್ಲಾ ಶಾಂತ ಐತ್ರಿ. ಅಂಗಡಿ, ಮಗ್ಗ, ಮಾರ್ಕೆಟ್ಟು ಎಲ್ಲಾ ಬಂದ್ ಮಾಡ್ಯಾರ.”

“ಟೈರಾದ್ರೂ ಸುಟ್ಟರಾ?”

“ಒಂದು ಸುಟ್ಟಾರ್ರಿ. ಹಳೇದು.”

“ಹಾಗಾದ್ರೆ ಜಿಲ್ಲಾ ಪುಟದಲ್ಲಿ ಸಿಂಗಲ್ ಕಾಲಂ. ಫೋಟೊ ಬೇಡ.”

ಜಿಲ್ಲಾ ಪುಟ ಎಂಬುದು ಬಹಳ ಯೋಚಿಸಿ ಮಾಡಿದ ವ್ಯವಸ್ಥೆ. ಮಹಾಲಿಂಗಪುರ ಬಂದ್ ಆಗಿತ್ತು ಎಂಬ ಸುದ್ದಿಯನ್ನು ಮರುದಿನ ಮಹಾಲಿಂಗಪುರದವರೇ ಓದುತ್ತಾರೆ. ತಮ್ಮ ಅಂಗಡಿ ನಿನ್ನೆ ಮುಚ್ಚಿತ್ತು ಎಂದು ಖಾತ್ರಿ ಮಾಡಿಕೊಳ್ಳುತ್ತಾರೆ. ವಿಧಾನಸೌಧದ ಎದುರಿನ ಟ್ರಾಫಿಕ್ ಜಾಮು ಮಾತ್ರ ರಾಜ್ಯ ಸುದ್ದಿ. ಅದನ್ನು ಇವರೂ ಓದಬೇಕು, ಮರುಗಲೂ ಬೇಕು.

ಮೊಫಸಿಲ್ ಎಂಬ ಈ ಬೈಗುಳವನ್ನು ಬಿರುದು ಮಾಡಿಕೊಂಡ ಪುಣ್ಯಾತ್ಮನೂ ಒಬ್ಬನಿದ್ದ. ಆಸ್ಟ್ರೇಲಿಯಾದಲ್ಲಿ ಹುಟ್ಟಿದ ವಕೀಲ ಜಾನ್ ಲ್ಯಾಂಗ್ 1845ರಲ್ಲಿ ‘ದಿ ಮೊಫಸಿಲೈಟ್’ ಎಂಬ ಪತ್ರಿಕೆಯನ್ನೇ ತೆಗೆದ. ಅದು ಅಂಬಾಲಾ, ಮೇರಠ್‌ಗಳಿಂದ ಹೊರಡುತ್ತಿತ್ತು. ಕಂಪನಿಯ ದೊಡ್ಡವರನ್ನು ಅದರಲ್ಲಿ ಚೆನ್ನಾಗಿ ಕಾಡಿದ. ಝಾನ್ಸಿಯ ಲಕ್ಷ್ಮೀಬಾಯಿ ತನ್ನ ರಾಜ್ಯ ಉಳಿಸಿಕೊಡಿ ಎಂದು ಕಂಪನಿಗೆ ಮನವಿ ಬರೆಸಲು ಕರೆಸಿಕೊಂಡದ್ದು ಇವನನ್ನೇ. ಮನವಿ ತಿರಸ್ಕೃತವಾಯಿತು. ಸದರಿಗೆ ಬರೆದ ಮನವಿ ಏನಾಗುತ್ತದೆ ಎಂಬುದಕ್ಕೆ ಮಹಾಲಿಂಗಪುರದವರು ಝಾನ್ಸಿಯವರೆಗೆ ಹೋಗಬೇಕಾಗಿಲ್ಲ ಎನ್ನಿ.

ಒಂದು ಊರು ಎಷ್ಟು ಬಗೆಯಲ್ಲಿ ಮೊಫಸಿಲ್ ಆಗಬಹುದು ಎಂಬುದನ್ನು ತಿಳಿಯಲು ಮಹಾಲಿಂಗಪುರಕ್ಕಿಂತ ಒಳ್ಳೆಯ ಊರಿಲ್ಲ. ಘೋರ್ಪಡೆಯವರ ಮುಧೋಳ ಸಂಸ್ಥಾನದಲ್ಲಿದ್ದಾಗ ಸದರು ಮುಧೋಳ. 1948ರ ಮಾರ್ಚಿನಲ್ಲಿ ಸಂಸ್ಥಾನ ಮುಂಬಯಿ ಪ್ರಾಂತ್ಯದಲ್ಲಿ ಸೇರಿತು. ಸದರು ಮುಂಬಯಿಗೆ ಹೋಯಿತು, ಜಿಲ್ಲೆಯ ಮಟ್ಟಿಗೆ ವಿಜಾಪುರಕ್ಕೆ. 1956ರ ನವೆಂಬರ್ 1ಕ್ಕೆ ಬೆಂಗಳೂರಿಗೆ. 1997ರಲ್ಲಿ ಬಾಗಲಕೋಟೆ ಬೇರೆ ಜಿಲ್ಲೆಯಾದಾಗ ವಿಜಾಪುರದಿಂದ ಬಾಗಲಕೋಟೆಗೆ. ಕೊನೆಗೆ 2018ರ ಹೊತ್ತಿಗೆ ಹೊಸ ತಾಲ್ಲೂಕುಗಳ ಪಟ್ಟಿಯಲ್ಲಿ ರಬಕವಿ-ಬನಹಟ್ಟಿ ಬಂತು, ಮಹಾಲಿಂಗಪುರವನ್ನು ಮುಧೋಳದಿಂದ ಬಿಡಿಸಿ ಅದಕ್ಕೆ ಕಟ್ಟಿದರು. ಇಷ್ಟೂ ಕಾಲದಲ್ಲಿ ಊರು ಒಂದು ಗೇಣೂ ಸರಿದಿಲ್ಲ. ಮಹಾಲಿಂಗೇಶ್ವರನ ಗುಡಿ ಇದ್ದಲ್ಲೇ ಇದೆ. ತಿರುಗಾಡಿದ್ದೆಲ್ಲ ಸದರು. ಆದರೂ ಅಲೆಮಾರಿ ಎಂಬ ಹೆಸರು ಅದಕ್ಕೆ ಬಂದಿಲ್ಲ.

ಈಗಿನ ಸ್ಥಿತಿ ಇನ್ನೂ ಸೊಗಸು. ಇಲ್ಲಿಯವರು ವೋಟು ಹಾಕುವುದು ತೇರದಾಳ ಕ್ಷೇತ್ರಕ್ಕೆ, ತಹಸೀಲ್ದಾರರನ್ನು ಹುಡುಕುವುದು ರಬಕವಿ-ಬನಹಟ್ಟಿ ತಾಲ್ಲೂಕಿನಲ್ಲಿ, ಹಳೆಯ ಕಾಗದಪತ್ರ ಕೆದಕುವುದು ಮುಧೋಳದಲ್ಲಿ, ಡಿಸಿ ಸಾಹೇಬರಿಗೆ ಕೈಮುಗಿಯುವುದು ಬಾಗಲಕೋಟೆಯಲ್ಲಿ. ರಬಕವಿಯೂ ಬನಹಟ್ಟಿಯೂ ಅಕ್ಕಪಕ್ಕದ ಎರಡು ನೇಕಾರರ ಊರು, ನಡುವೆ ಒಂದು ಅಡ್ಡಗೆರೆ. ಆ ಅಡ್ಡಗೆರೆಗೂ ತಾಲ್ಲೂಕಿನ ಹೆಸರಿನಲ್ಲಿ ಜಾಗ ಸಿಕ್ಕಿತು, ಮಹಾಲಿಂಗಪುರಕ್ಕೆ ಸಿಗಲಿಲ್ಲ.

ಹೆಸರಿನ ವಿಷಯ ಬಂತಲ್ಲ. 2021ರಲ್ಲಿ ಸರಕಾರ ‘ಮುಂಬೈ ಕರ್ನಾಟಕ’ ಎಂಬುದನ್ನು ಅಳಿಸಿ ‘ಕಿತ್ತೂರು ಕರ್ನಾಟಕ’ ಎಂದು ಬರೆಯಿತು. ಸ್ವಾಭಿಮಾನದ ಕೆಲಸ, ಸಂತೋಷ. ಮಹಾಲಿಂಗಪುರ ಬ್ರಿಟಿಷರ ಕಾಲದಲ್ಲಿ ನೇರ ಮುಂಬಯಿ ಪ್ರಾಂತ್ಯದ್ದೂ ಆಗಿರಲಿಲ್ಲ, ಚೆನ್ನಮ್ಮನ ಸಂಸ್ಥಾನದ್ದೂ ಆಗಿರಲಿಲ್ಲ, ಮುಧೋಳದ್ದಾಗಿತ್ತು. ಅಷ್ಟು ಸಣ್ಣ ವಿವರ ಬೆಂಗಳೂರಿನಿಂದ ಕಾಣುವುದಿಲ್ಲ. ದೂರದಿಂದ ಎಲ್ಲ ಜ್ವಾರಿ ಹೊಲವೂ ಒಂದೇ ಬಣ್ಣ. ಹೆಸರು ಬದಲಾದ ಮೇಲೆ ಬಸ್ಸು ಹೆಚ್ಚಾಯಿತೇ ಎಂದು ಕೇಳುವುದು ಮೊಫಸಿಲ್ ಬುದ್ಧಿ. ರೈಲಿನ ಸುದ್ದಿಯಂತೂ ಎತ್ತಲೇಬಾರದು. ಬಾಗಲಕೋಟೆ–ಕುಡಚಿ ಮಾರ್ಗಕ್ಕೆ 2010ರ ಆಸುಪಾಸಿನಲ್ಲಿ ಮಂಜೂರಾತಿ ಸಿಕ್ಕಿತು. ಆಗ ತೊಟ್ಟಿಲಲ್ಲಿದ್ದ ಕೂಸುಗಳು ಮೀಸೆ ತಿರುವುವ ವಯಸ್ಸಿಗೆ ಬಂದವು. ಅಷ್ಟರಲ್ಲಿ ರೈಲು ಬಾಗಲಕೋಟೆಯಿಂದ ಖಜ್ಜಿಡೋಣಿಯತ್ತ ನಾಲ್ಕು ಹೆಜ್ಜೆ ಇಟ್ಟು ದಣಿವಾರಿಸಿಕೊಂಡಿತು.

ಮೊಫಸಿಲ್ ಎನ್ನಲು ಈಗೀಗ ಬೆಂಗಳೂರಿನವರಿಗೂ ನಾಚಿಕೆ. ಅವರು ಹೊಸ ವಿಶೇಷಣಗಳನ್ನು ತಂದಿದ್ದಾರೆ. ಕಂಪನಿಯವರು ‘ಟಿಯರ್ ತ್ರೀ’ ಎನ್ನುತ್ತಾರೆ, ಮೂರನೇ ದರ್ಜೆ ಎಂದರೆ ಮನಸ್ಸಿಗೆ ನೋವಾದೀತು ಅಂತ. ಐಟಿಯನ್ನು ಹೊರ ಊರುಗಳಿಗೆ ಒಯ್ಯುವ ಸರಕಾರಿ ಕಾರ್ಯಕ್ರಮಕ್ಕೆ ‘ಬಿಯಾಂಡ್ ಬೆಂಗಳೂರು’ ಎಂದೇ ಹೆಸರು: ಬೆಂಗಳೂರಿನಾಚೆ. ವೈತರಣಿಯಾಚೆ ಎಂದ ಹಾಗೆ ಕೇಳಿಸುತ್ತದೆ. ಹುಬ್ಬಳ್ಳಿ, ಮೈಸೂರು, ಮಂಗಳೂರು, ಎಲ್ಲಕ್ಕೂ ಒಟ್ಟು ಗುರುತು ಇಷ್ಟೇ, ಅವು ಬೆಂಗಳೂರಲ್ಲ. ಅವಕ್ಕಿಂತ ಮೊದಲು, ಪ್ರಾದೇಶಿಕ ಅಸಮತೋಲನ ಕುರಿತು 2002ರಲ್ಲಿ ಬಂದ ನಂಜುಂಡಪ್ಪ ವರದಿ 114 ತಾಲ್ಲೂಕುಗಳನ್ನು ಹಿಂದುಳಿದವು ಎಂದು ಗುರುತಿಸಿ ಅವನ್ನು ಹಿಂದುಳಿದ, ಅತಿ ಹಿಂದುಳಿದ, ಅತ್ಯಂತ ಹಿಂದುಳಿದ ಎಂದು ಮೂರು ಪಾಲು ಮಾಡಿತು. ವರದಿ ಕಷ್ಟಪಟ್ಟು ಮಾಡಿದ್ದು, ಅದರ ಲೆಕ್ಕದ ಮೇಲೆ ನನಗೆ ಗೌರವವಿದೆ. ನಗು ಬರುವುದು ಆಮೇಲಿನದ್ದಕ್ಕೆ. ಶಾಲೆಯಲ್ಲಿ ಮಾಸ್ತರರು ಗುಡ್, ಬೆಟರ್, ಬೆಸ್ಟ್ ಎಂದು ವಿಶೇಷಣದ ಮೂರು ಮೆಟ್ಟಿಲು ಬಾಯಿಪಾಠ ಮಾಡಿಸುತ್ತಿದ್ದರು. ನಮ್ಮ ರಾಜಕಾರಣಿಗಳು ಅದನ್ನು ಕೆಳಮುಖವಾಗಿ ಕಲಿತರು. ನಮ್ಮ ತಾಲ್ಲೂಕು ನಿಮ್ಮದಕ್ಕಿಂತ ಹಿಂದೆ ಎಂದು ವೇದಿಕೆಯ ಮೇಲೆ ಪೈಪೋಟಿಗೆ ನಿಂತರು. ಅನುದಾನ ಸಿಗುವುದಾದರೆ ಯಾವ ವಿಶೇಷಣ ತಾನೇ ಕಹಿ?

ಇತಿಹಾಸದ ಪುಟ ತಿರುವಿದರೆ ಸದರಿಗೇ ಸ್ವಲ್ಪ ಮುಜುಗರ. ಒಂಬತ್ತನೆಯ ಶತಮಾನದ ‘ಕವಿರಾಜಮಾರ್ಗ’ ಕನ್ನಡದ ತಿರುಳಿರುವ ನಾಡನ್ನು ಗುರುತಿಸಲು ನಾಲ್ಕು ಊರು ಹೆಸರಿಸುತ್ತದೆ: ಕಿಸುವೊಳಲು, ಕೊಪಣ, ಪುಲಿಗೆರೆ, ಒಕ್ಕುಂದ. ಕಿಸುವೊಳಲು ಎಂದರೆ ಪಟ್ಟದಕಲ್ಲು, ಇದೇ ಬಾಗಲಕೋಟೆ ಜಿಲ್ಲೆ. ಕೊಪಣ ಕೊಪ್ಪಳ, ಪುಲಿಗೆರೆ ಲಕ್ಷ್ಮೇಶ್ವರ, ಒಕ್ಕುಂದ ಬೆಳಗಾವಿ ಜಿಲ್ಲೆಯಲ್ಲಿ. ನಾಲ್ಕಕ್ಕೆ ನಾಲ್ಕೂ ಇವತ್ತು ಅಪ್ಪಟ ಮೊಫಸಿಲ್. ಬೆಂಗಳೂರು? ಅದರ ಹೆಸರು ಸಿಗುವ ಹಳೆಯ ದಾಖಲೆ ಸುಮಾರು 890ರದ್ದು, ಬೇಗೂರಿನ ವೀರಗಲ್ಲು. ‘ಬೆಂಗಳೂರು ಕಾಳಗ’ದಲ್ಲಿ ನಾಗತ್ತರ ಎಂಬವನ ಕಡೆಯವನೊಬ್ಬ ಸತ್ತ, ಇಷ್ಟೇ ಸಮಾಚಾರ. ಹೊಡೆದಾಟ, ಒಬ್ಬನ ಸಾವು. ಇವತ್ತಿನ ಡೆಸ್ಕಿನವರ ಕೈಗೆ ಸಿಕ್ಕಿದ್ದರೆ ಜಿಲ್ಲಾ ಪುಟ, ಸಿಂಗಲ್ ಕಾಲಂ, ಫೋಟೊ ಬೇಡ.

ಮಹಾಲಿಂಗಪುರದ ಮಗ್ಗುಲಲ್ಲೇ ರನ್ನ ಬೆಳಗಲಿ ಇದೆ. ಹತ್ತನೆಯ ಶತಮಾನದ ಕವಿಯನ್ನು ಯಾರೂ ಕಸಿದುಕೊಳ್ಳಬಾರದೆಂದು ಆ ಊರು ತನ್ನ ಹೆಸರಿನ ಮುಂದೆಯೇ ಕಟ್ಟಿಕೊಂಡಿದೆ. ರನ್ನ ಮುದುವೊಳಲಿನವನು, ಅಂದರೆ ಮುಧೋಳದವನು. ಮನೆತನದ ಕಸುಬು ಬಳೆ ವ್ಯಾಪಾರ. ಚಾಲುಕ್ಯರ ಆಸ್ಥಾನದಲ್ಲಿ ಕವಿಚಕ್ರವರ್ತಿ ಎನಿಸಿಕೊಂಡ. ಅವನು ಇವತ್ತು ಹುಟ್ಟಿದ್ದರೆ ‘ಗ್ರಾಮೀಣ ಪ್ರತಿಭೆ’ ಎಂದು ಶಾಲು ಹೊದಿಸಿ, ಬಸ್ ಖರ್ಚು ಕೊಟ್ಟು, ಕವಿಗೋಷ್ಠಿಯಲ್ಲಿ ಕೊನೆಯವನಾಗಿ ಕರೆದು, ಸಮಯದ ಅಭಾವ ಇರುವುದರಿಂದ ಗದಾಯುದ್ಧವನ್ನು ಎರಡು ನಿಮಿಷದಲ್ಲಿ ಮುಗಿಸಬೇಕೆಂದು ನಿರೂಪಕಿ ವಿನಂತಿಸುತ್ತಿದ್ದಳು.

ಈ ಸೀಮೆಯಿಂದ ಹೊರಟು ಮೊಫಸಿಲ್ ಎಂಬ ಹಣೆಪಟ್ಟಿ ಕಳಚಿಕೊಂಡವರು ಯಾರೂ ಇಲ್ಲವೆಂದಲ್ಲ. ಮುಧೋಳದ ನಾಯಿ ಇದೆ. ಅದರ ಚಿತ್ರದ ಅಂಚೆಚೀಟಿ 2005ರಲ್ಲಿ ಬಂತು. 2016ರಲ್ಲಿ ಮರಿಗಳನ್ನು ಸೇನೆಯವರು ತರಬೇತಿಗೆಂದು ಮೇರಠ್‌ಗೆ ಒಯ್ದರು, ಹೌದು, ಆ ಮೊಫಸಿಲೈಟನ ಮೇರಠ್‌ಗೇ. ಪ್ರಧಾನಿಗಳು ಭಾಷಣದಲ್ಲೂ ರೇಡಿಯೋದಲ್ಲೂ ಅದನ್ನು ಹೊಗಳಿದರು. ನಾಯಿಯ ಉಚ್ಚಾರದ ಬಗ್ಗೆ ಯಾರೂ ತಕರಾರು ತೆಗೆಯಲಿಲ್ಲ.

ಇನ್ನು ಬೆಲ್ಲ. ಮಹಾಲಿಂಗಪುರದ ಎಪಿಎಂಸಿ ಪ್ರಾಂಗಣದಲ್ಲಿ ಸವಾಲು ನಡೆಯುವ ಹೊತ್ತಿಗೆ ಒಮ್ಮೆ ನಿಂತು ನೋಡಬೇಕು. ಅಡತಿ ಅಂಗಡಿಯ ಮುಂದೆ ಪೆಂಟಿಗಳು ಸಾಲುಸಾಲಾಗಿ ಕೂತಿರುತ್ತವೆ. ಒಂದು ಸಾಲು ಹಳದಿ, ಒಂದು ಕೆಂಪು, ಒಂದು ಕಪ್ಪಿಗೆ ತಿರುಗಿದ್ದು. ಖರೀದಿದಾರ ಬಾಗಿ ಚೂರು ಮುರಿದು, ಬೆಳಕಿಗೆ ಹಿಡಿದು, ಬೆರಳಲ್ಲಿ ತಿಕ್ಕಿ, ನಾಲಿಗೆಯ ತುದಿಗೆ ಇಟ್ಟುಕೊಳ್ಳುತ್ತಾನೆ. ಮುಖದಲ್ಲಿ ಏನೂ ತೋರಿಸಿಕೊಳ್ಳುವುದಿಲ್ಲ. ಹಿಂದೆ ಗಾಣದ ಮನಿಯಿಂದ ರಾತ್ರಿಯೆಲ್ಲ ನಿದ್ದೆಗೆಟ್ಟು ಬಂದ ರೈತ ಆ ಮುಖವನ್ನೇ ನೋಡುತ್ತ ನಿಂತಿರುತ್ತಾನೆ. ಇಲ್ಲಿಯ ಬೆಲ್ಲಕ್ಕೆ ಗುಜರಾತಿನವರೆಗೆ ಗಿರಾಕಿಗಳಿದ್ದಾರೆ. ಅಲ್ಲಿಯ ವ್ಯಾಪಾರಿಗೆ ಮಹಾಲಿಂಗಪುರವೇ ಮಾರ್ಕೆಟ್ಟು, ಇಲ್ಲಿಯ ದರವೇ ದರ. ಬೆಂಗಳೂರು ಎಲ್ಲಿದೆ ಎಂದು ಅವನಿಗೆ ಕೇಳಿ ನೋಡಿ, ಆ ಕಡೆ ಎಲ್ಲೋ ಇರಬೇಕು ಎಂದು ಕೈ ಬೀಸುತ್ತಾನೆ. ಆ ಕೈಬೀಸುವಿಕೆಗೇ ಇಂಗ್ಲಿಷಿನಲ್ಲಿ ಮೊಫಸಿಲ್ ಅನ್ನುವುದು.

ಹಾಗೆಂದು ಮಹಾಲಿಂಗಪುರದವರನ್ನು ಬರೀ ನೊಂದವರ ಸಾಲಿನಲ್ಲಿ ಕೂಡಿಸಬೇಡಿ. ಅದೇ ಅಡತಿ ಅಂಗಡಿಯ ಗಾದಿಯ ಮೇಲೆ ಕೂತವರು ಮುಂದೆ ನಿಂತ ರೈತನಿಗೆ “ಹಳ್ಳ್ಯಾಗಿನ ಮಂದಿಗೆ ಎಷ್ಟ ಹೇಳಿದ್ರೂ ಅಷ್ಟ” ಎಂದು ಹೇಳುವುದನ್ನು ಕೇಳಬಹುದು. ಬನಹಟ್ಟಿಯ ಗುಮಾಸ್ತ ತಮ್ಮನ್ನು ಕಾಯಿಸಿದ ಎಂದು ಬೆಳಿಗ್ಗೆ ಸಿಟ್ಟಾದವರೇ ಮಧ್ಯಾಹ್ನ ಗಾಣದವನನ್ನು ಪಟ್ಟಿಗಾಗಿ ಕಟ್ಟೆಯ ಮೇಲೆ ಕಾಯಿಸುತ್ತಾರೆ. ಮೊಫಸಿಲ್ ಎಂಬುದು ಯಾರ ಕೈಯಲ್ಲೂ ನಿಲ್ಲದ ಸರಕು, ಮೇಲಿನವನಿಂದ ತೆಗೆದುಕೊಂಡದ್ದನ್ನು ಕೆಳಗಿನವನಿಗೆ ದಾಟಿಸಿದರೆ ಮಾತ್ರ ಸಮಾಧಾನ. ಬೆಂಗಳೂರಿನವರೂ ಇದನ್ನೇ ಮಾಡುವುದು: ಇರುಳೆಲ್ಲ ಅಮೆರಿಕದ ಗಡಿಯಾರಕ್ಕೆ ಎಚ್ಚರವಿದ್ದು ‘ಆಫ್‌ಶೋರ್’ ಎನಿಸಿಕೊಂಡವರು ಬೆಳಿಗ್ಗೆ ಊರಿನಿಂದ ಬಂದವನಿಗೆ ‘ನೀವು ಆ ಕಡೆಯವರಾ’ ಎಂದು ಕೇಳುತ್ತಾರೆ.

ಸರಕಾರಿ ಪತ್ರಗಳಲ್ಲಿ ‘ಸದರಿ’ ಎಂಬ ಪದ ಬರುತ್ತದಲ್ಲ, ಅದೂ ಆ ಸದರಿನ ಮನೆತನದ್ದೇ. ಮೊಫಸಿಲ್‌ಗೆ ಸದರಿನಿಂದ ಇಷ್ಟು ವರ್ಷ ಬಂದದ್ದು ಬಹುಪಾಲು ಕೊನೆಯ ಅಕ್ಷರ ಬದಲಾದ ಆ ರೂಪದಲ್ಲೇ. ಸದರಿ ಮನವಿಯನ್ನು ಪರಿಶೀಲಿಸಲಾಗಿದೆ. ಸದರಿ ಪ್ರಸ್ತಾವವು ಆರ್ಥಿಕ ಇಲಾಖೆಯಲ್ಲಿರುತ್ತದೆ. ಸದರಿ ಬೇಡಿಕೆಗೆ ಸಂಬಂಧಿಸಿದಂತೆ ನಿಯಮಾನುಸಾರ ಕ್ರಮ ವಹಿಸಲಾಗುವುದು. ತಾಲ್ಲೂಕು ಬೇಕೆಂದು ಧರಣಿಯ ಟೆಂಟಿನಲ್ಲಿ ಕೂತವರ ಬೇಡಿಕೆ ನ್ಯಾಯದ್ದೇ, ಇಷ್ಟು ವ್ಯಾಪಾರ ಇರುವ ಊರಿಗೆ ಒಂದು ತಹಸೀಲ್ದಾರ್ ಕಚೇರಿ ಹೆಚ್ಚೇನಲ್ಲ. ಇಂದಲ್ಲ ನಾಳೆ, ಯಾವುದೋ ಚುನಾವಣೆಯ ಹಿಂದಿನ ಬಜೆಟ್ಟಿನಲ್ಲಿ ತಾಲ್ಲೂಕು ಆಗಿಯೂ ಆಗುತ್ತದೆ. ಪೇಢೆ ಹಂಚುತ್ತಾರೆ, ಪಟಾಕಿ ಹೊಡೆಯುತ್ತಾರೆ, ಬ್ಯಾನರಿನಲ್ಲಿ ಶಾಸಕರ ಮುಖ ಮಹಾಲಿಂಗೇಶ್ವರನಿಗಿಂತ ದೊಡ್ಡದಿರುತ್ತದೆ. ಕಚೇರಿಗೆ ಕುರ್ಚಿ ಬರುತ್ತವೆ, ಕುರ್ಚಿಗೆ ಟವೆಲ್ ಬರುತ್ತದೆ. ಆಮೇಲೆ ಮಹಾಲಿಂಗಪುರದ ಹೊಸ ಮೊಹರು ಬಿದ್ದ ಮೊದಲ ಪತ್ರ ಸುತ್ತಲಿನ ಹಳ್ಳಿಗಳಿಗೆ ಹೊರಡುತ್ತದೆ: ಸದರಿ ಗ್ರಾಮಸ್ಥರು ಮೂಲ ದಾಖಲೆಗಳೊಂದಿಗೆ ಕಚೇರಿ ವೇಳೆಯಲ್ಲಿ ಖುದ್ದಾಗಿ ಹಾಜರಾಗತಕ್ಕದ್ದು, ತಪ್ಪಿದಲ್ಲಿ ತಮ್ಮ ಅಹವಾಲು ಏನೂ ಇಲ್ಲವೆಂದು ಭಾವಿಸಲಾಗುವುದು.