ಶ್ರೀಮಾನ್ ಬಿಲ್ ಡಾಟ್ ಪಿಡಿಎಫ್ ಡಾಟ್ ಇಎಕ್ಸ್‌ಇ ಅವರಿಗೊಂದು ಬಹಿರಂಗ ಪತ್ರ

ಮಾನ್ಯರೇ,

ಉಭಯ ಕುಶಲೋಪರಿ. ನಮ್ಮ ಲೆಕ್ಕಪತ್ರ ವಿಭಾಗದ ಕಂಪ್ಯೂಟರಿಗೆ ಇಮೇಲ್ ಏರಿ ದಯಮಾಡಿಸಿದ್ದೀರಿ. ಡಬಲ್ ಕ್ಲಿಕ್ ಮಾಡಿ ಬರಮಾಡಿಕೊಳ್ಳುವ ಮುನ್ನ ನಾಲ್ಕು ಮಾತು.

ತಮ್ಮ ಪೂರ್ಣ ನಾಮಧೇಯ ತಿಳಿಯಲು ಸೆಟ್ಟಿಂಗ್ ಬದಲಿಸಬೇಕಾಯಿತು. ತನಗೆ ಗೊತ್ತಿರುವ ಎಕ್ಸ್‌ಟೆನ್ಷನ್‌ಗಳನ್ನು ವಿಂಡೋಸ್ ತಾನಾಗಿಯೇ ಮರೆಮಾಡುತ್ತದಲ್ಲ. ಹಾಗಾಗಿ ತಾವು ಬರೀ ಪಿಡಿಎಫ್ ಎನಿಸಿಕೊಂಡು, ಕೆಂಪು ಐಕಾನ್ ತೊಟ್ಟು ಕೂತಿದ್ದಿರಿ. ಮನೆತನದ ಹಳೇ ವಿದ್ಯೆ. 2000ದ ಮೇ ತಿಂಗಳಲ್ಲಿ ತಮ್ಮ ಹಿರಿಯರೊಬ್ಬರು ಪ್ರೇಮಪತ್ರದ ವೇಷದಲ್ಲಿ, 'ಟಿಎಕ್ಸ್‌ಟಿ' ಬೆನ್ನಿಗೆ 'ವಿಬಿಎಸ್' ಬಚ್ಚಿಟ್ಟುಕೊಂಡು ಲೋಕ ಸುತ್ತಿಬಂದಿದ್ದರು.

ಪ್ರಾಪರ್ಟೀಸ್ ತೆರೆದು ತಮ್ಮ ಡಿಜಿಟಲ್ ಸಹಿ ಹುಡುಕಿದೆ. ಇಲ್ಲ. ಇದ್ದಿದ್ದರೂ ಕಾಲಿಗೆ ಬೀಳುತ್ತಿರಲಿಲ್ಲ ಬಿಡಿ. 2010ರಲ್ಲಿ ಬಯಲಾದ ಸ್ಟಕ್ಸ್‌ನೆಟ್ ಎಂಬ ವರ್ಮ್ ಕೂಡ ರಿಯಲ್‌ಟೆಕ್ ಕಂಪನಿಯ ಸಹಿ ಹೊತ್ತೇ ಓಡಾಡಿತ್ತು, ಕದ್ದದ್ದು. 2017ರ ಸಿಕ್ಲೀನರ್, ಅದೇ ಕಂಪ್ಯೂಟರಿನ ಕಸ ಗುಡಿಸುವ ತಂತ್ರಾಂಶ, ಇನ್ನೂ ಮರ್ಯಾದಸ್ಥ: ಕಂಪನಿಯದೇ ತಾಣ, ಕಂಪನಿಯದೇ ಸಹಿ, ಒಳಗೆ ಮಾತ್ರ ಪರರ ಸಂಸಾರ. ಸುಮಾರು ಒಂದು ತಿಂಗಳು ಯಾರಿಗೂ ಸುಳಿವಿಲ್ಲ. ಅಷ್ಟರಲ್ಲಿ 22 ಲಕ್ಷಕ್ಕೂ ಹೆಚ್ಚು ಮಂದಿ ಅದನ್ನು ಹಾಕಿಕೊಂಡಾಗಿತ್ತು.

ಆಮೇಲೆ ತಮ್ಮ ಎಸ್‌ಎಚ್‌ಎ-256 ಹ್ಯಾಷ್, ಅದೇ ಆ 64 ಅಕ್ಷರಗಳ ಸರ, ತೆಗೆದು ವೈರಸ್‌ಟೋಟಲ್‌ನಲ್ಲಿ ಹುಡುಕಿದೆ. ತಮ್ಮನ್ನೇ ಅಲ್ಲಿಗೆ ಏರಿಸಲಿಲ್ಲ. ಏರಿಸಿದ ಫೈಲು ಹೊರಗಿನವರ ಕೈಗೂ ಸಿಗುತ್ತದೆ. ಅಕಸ್ಮಾತ್ ತಾವು ನಿಜವಾದ ಬಿಲ್ಲೇ ಆಗಿದ್ದರೆ? ಅಷ್ಟೊಂದು ಆಂಟಿವೈರಸ್‌ಗಳು ಒಟ್ಟಿಗೆ ಕೂತ ಜಾಗದಲ್ಲಿ ತಮ್ಮ ಸುದ್ದಿಯೇ ಇಲ್ಲ. "ದೂರೇ ಇಲ್ಲ ಅಂದ್ಮೇಲೆ ಒಳ್ಳೆಯವರೇ ಇರಬೇಕು, ತೆಗೀರಿ" ಎಂದರು ನಮ್ಮ ಮ್ಯಾನೇಜರ್. ಮೊದಲ ಕಳ್ಳತನದ ಹಿಂದಿನ ದಿನ ಯಾವ ಕಳ್ಳನ ಮೇಲೂ ದೂರಿರುವುದಿಲ್ಲ, ಸ್ವಾಮಿ.

ವಿಂಡೋಸ್ ಸ್ಯಾಂಡ್‌ಬಾಕ್ಸ್ ಎಂಬ ತಾತ್ಕಾಲಿಕ ವರ್ಚುವಲ್ ಯಂತ್ರದಲ್ಲಿ ಓಡಿಸಿಯೂ ನೋಡಿದೆ. ಮುಚ್ಚಿದರೆ ಅದರೊಳಗಿನದೆಲ್ಲ ಅಳಿಸಿಹೋಗುತ್ತದೆಂಬ ಧೈರ್ಯ. ತಾವೋ ಸಜ್ಜನಿಕೆಯ ಸಾಕಾರ ಮೂರ್ತಿ! ಮಿಸುಕಲಿಲ್ಲ. ವರ್ಚುವಲ್ ಯಂತ್ರದ ವಾಸನೆ ಬಡಿದೊಡನೆ ಮೌನವ್ರತ ಹಿಡಿಯುವವರು ತಮ್ಮ ಬಳಗದಲ್ಲಿ ಎಷ್ಟಿಲ್ಲ?

ಉಳಿದದ್ದು ಹಳೇ ಪದ್ಧತಿ. ತಮ್ಮನ್ನು ಕಳಿಸಿದರೆನ್ನಲಾದ ಅಂಗಡಿಗೆ ಫೋನ್ ಮಾಡಿದೆ. ಇಮೇಲಿನ ಅಡಿಯಲ್ಲಿದ್ದ ನಂಬರಿಗಲ್ಲ, ನಮ್ಮ ರಿಜಿಸ್ಟರಿನಲ್ಲಿದ್ದ ನಂಬರಿಗೆ. "ಈ ತಿಂಗಳು ನಾವು ಯಾವ ಬಿಲ್ಲೂ ಕಳಿಸಿಲ್ವಲ್ಲ ಸಾರ್" ಎಂದರು.

ಹಾಗಾದರೆ ತಾವು ಯಾರ ಪೈಕಿ?

ಇತಿ,
ಶಿಫ್ಟ್ ಮತ್ತು ಡಿಲೀಟ್ ಮೇಲೆ ಬೆರಳಿಟ್ಟು ಕೂತಿರುವ
ತಮ್ಮ ವಿಧೇಯ ಗುಮಾಸ್ತ