ಮಲಗಿಸಿದರೆ ಮಲಗುವ ಆಟ

ಮುಳಬಾಗಿಲಿನಲ್ಲಿ ಒಳ್ಳೆಯ ದೋಸೆ ಎಲ್ಲಿ ಸಿಗುತ್ತದೆ ಎಂದು ಯಾರನ್ನೂ ಕೇಳಬಾರದು. ಕೇಳಿದರೆ ದೋಸೆ ಸಿಗುವುದಿಲ್ಲ, ಜಗಳ ಸಿಗುತ್ತದೆ. ಒಬ್ಬ ಬಸ್ ಸ್ಟ್ಯಾಂಡಿನ ಕಡೆ ಕೈ ತೋರಿಸುತ್ತಾನೆ. ಇನ್ನೊಬ್ಬ ಆ ಕೈಯನ್ನೇ ಹಿಡಿದು ಕೆಳಗಿಳಿಸುತ್ತಾನೆ. ಮೂರನೆಯವನು ‘ಈಗೆಲ್ಲಿದೆ ಬಿಡಿ ಸಾರ್ ಆ ದೋಸೆ’ ಎಂದು ಇಬ್ಬರ ಬಾಯಿಗೂ ಮಣ್ಣು ಹಾಕುತ್ತಾನೆ. ನ್ಯೂಜೆರ್ಸಿಯ ನಮ್ಮ ಬಳಗದಲ್ಲಿ ಈಗ ದೋಸೆಯ ಈ ಸ್ಥಾನಕ್ಕೆ ಕೈಯಲ್ಲಿ ಹಿಡಿದು ಆಡುವ ಕಂಪ್ಯೂಟರು ಬಂದು ಕೂತಿದೆ. ಯುಗಾದಿ ಊಟದ ಸಾಲಿನಲ್ಲಿ ಯಾರಾದರೊಬ್ಬ ‘ಇದರಲ್ಲಿ ಆಡೋಕೆ ಯಾವ ಗೇಮ್ ಬೆಸ್ಟು?’ ಅಂದರೆ ಮುಗಿಯಿತು. ಒಬ್ಬಟ್ಟಿನ ಮೇಲಿನ ತುಪ್ಪ ಹೆಪ್ಪುಗಟ್ಟುವವರೆಗೆ ಅದೇ ಮಾತು.

ಯಂತ್ರದ ಪರಿಚಯ ಬೇಗ ಮುಗಿಸುತ್ತೇನೆ. ವಾಲ್ವ್ ಕಂಪನಿಯ ಸ್ಟೀಮ್ ಡೆಕ್ ಮಾರುಕಟ್ಟೆಗೆ ಬಂದದ್ದು 2022ರ ಫೆಬ್ರವರಿಯಲ್ಲಿ, ಏಳು ಇಂಚಿನ ಪರದೆಯೊಂದಿಗೆ. 2023ರ ನವೆಂಬರಿನಲ್ಲಿ ಓಎಲ್ಇಡಿ ಪರದೆಯ ಮಾಡೆಲ್ ಬಂತು: 7.4 ಇಂಚು, 640 ಗ್ರಾಂ. ಒಳಗಿರುವುದು ಲಿನಕ್ಸ್ ಆಧಾರದ ಪೂರ್ಣ ಪ್ರಮಾಣದ ಪಿಸಿ. ಏಸುಸ್‌ನ ಆರ್‌ಒಜಿ ಆಲೈ, ಲೆನೊವೊದ ಲೀಜನ್ ಗೋ ಇದರ ದಾಯಾದಿಗಳು. ಅವು ವಿಂಡೋಸ್ ಮನೆತನ. ವಾಲ್ವ್‌ನದೇ ಆನ್‌ಲೈನ್ ಅಂಗಡಿಯಾದ ಸ್ಟೀಮಿನಲ್ಲಿ ಇರುವ ಆಟಗಳು ಲೆಕ್ಕವಿಲ್ಲದಷ್ಟು. ಅದರಲ್ಲಿ ಆರಿಸುವುದು ಹೇಗೆ ಎಂಬುದಕ್ಕೆ ಊರೆಲ್ಲ ಪಟ್ಟಿಗಳಿವೆ. ಗ್ರಾಫಿಕ್ಸ್ ಹೇಗಿದೆ, ಸೆಕೆಂಡಿಗೆ ಎಷ್ಟು ಫ್ರೇಮು, ಕಥೆ ಎಷ್ಟು ಗಂಟೆ ಎಂದೆಲ್ಲ ಅಳೆದು ಅಂಕ ಕೊಟ್ಟಿರುತ್ತಾರೆ. ಈ ಪಟ್ಟಿ ಮಾಡುವವರೆಲ್ಲ ಬ್ರಹ್ಮಚಾರಿಗಳು ಎಂಬುದು ನನ್ನ ಬಲವಾದ ಗುಮಾನಿ. ಸಂಸಾರಸ್ಥ ಕೇಳುವ ಪ್ರಶ್ನೆ ಒಂದೇ: ಕರೆದ ತಕ್ಷಣ ಇದನ್ನು ಬಿಟ್ಟು ಏಳಬಹುದಾ?

ನನ್ನಮ್ಮ ಆರು ತಿಂಗಳಿಗೆಂದು ಮುಳಬಾಗಿಲಿನಿಂದ ಬಂದಿದ್ದಾಗ ಈ ಯಂತ್ರವನ್ನು ಮೊದಲ ಸಲ ನೋಡಿದಳು. ನಮ್ಮ ಕಡೆ ಬೀದಿಯಲ್ಲಿ ಕನ್ನಡ, ಅಂಗಳದಲ್ಲಿ ತೆಲುಗು. ಆಶ್ಚರ್ಯ ಜಾಸ್ತಿಯಾದರೆ ತೆಲುಗೇ ಮೊದಲು ಬರುವುದು. ‘ಏಮ್ರಾ ಇದಿ?’ ಎಂದು ಕೈಗೆ ತೆಗೆದುಕೊಂಡಳು. ಎರಡೂ ತುದಿಯ ಗುಂಡಿ, ಗುಳಿಗಳ ಮೇಲೆ ಬೆರಳಾಡಿಸಿ ‘ಅಳಗುಳಿಮಣೆ ಇದ್ದಂಗಿದೆಯಲ್ಲೋ’ ಅಂದಳು.

ಅದಕ್ಕಿಂತ ಒಳ್ಳೆಯ ವಿಮರ್ಶೆಯನ್ನು ನಾನು ಇನ್ನೂ ಓದಿಲ್ಲ. ಕರೆದ ತಕ್ಷಣ ಬಿಟ್ಟು ಏಳಬಹುದು, ಅಳಗುಳಿಮಣೆಯ ದೊಡ್ಡತನವೇ ಅದು. ಹುಣಸೆ ಬೀಜ ಹಂಚುತ್ತಾ ಕೂತಿರುವಾಗ ಒಲೆಯ ಮೇಲೆ ಹಾಲು ಉಕ್ಕಿದರೆ ಎದ್ದು ಹೋಗಿ, ಪಾತ್ರೆ ಇಳಿಸಿ, ಬಾಗಿಲಿಗೆ ಬಂದ ಸೊಪ್ಪಿನವಳ ಹತ್ತಿರ ಒಂದಿಷ್ಟು ಚೌಕಾಸಿ ಮಾಡಿ ಬಂದರೂ ಬೀಜಗಳು ಇದ್ದ ಗುಳಿಯಲ್ಲೇ ಇರುತ್ತವೆ. ಎದುರಾಳಿ ಕದಿಯದಿದ್ದರೆ, ಅಷ್ಟೆ. ಮುಮ್ಮಡಿ ಕೃಷ್ಣರಾಜ ಒಡೆಯರು ಮಾತ್ರ ಬೇರೆ ಜಾತಿಯ ಆಟಗಾರರು. ಅವರು ಎಂತೆಂಥ ಮಣೆಯಾಟಗಳನ್ನು ಕಟ್ಟಿದರೆಂದರೆ, ‘ಶ್ರೀತತ್ತ್ವನಿಧಿ’ಯಲ್ಲಿ ಆಟಗಳಿಗೆಂದೇ ‘ಕೌತುಕನಿಧಿ’ ಎಂಬ ಭಾಗವಿದೆ. ಆದರೆ 1831ರಲ್ಲಿ ಬ್ರಿಟಿಷರು ಆಡಳಿತ ಕಿತ್ತುಕೊಂಡ ಮೇಲೆ ಅವರಿಗೆ ಬಿಡುವಿತ್ತು. ಅರಮನೆಯಲ್ಲಿ ‘ರೀ, ಕಸ ಆಚೆ ಇಟ್ರಾ?’ ಎಂದು ಕೇಳುವವರೂ ಇರಲಿಲ್ಲ.

ನಮ್ಮ ಮನೆಯಲ್ಲಿ ಆಟ ನಿಲ್ಲಿಸುವುದಕ್ಕೆ ಕಾರಣಗಳು ಸಾಲುಗಟ್ಟಿ ನಿಂತಿರುತ್ತವೆ. ಕುಕ್ಕರ್ ಕೂಗು, ಮಗನ ಈಜು ಕ್ಲಾಸು, ಆಫೀಸಿನ ‘ಎರಡೇ ನಿಮಿಷ’ದ ಕರೆ, ರಾತ್ರಿ ಒಂಬತ್ತೂವರೆಗೆ ಸರಿಯಾಗಿ ಊರಿನಿಂದ ಬರುವ ವಾಟ್ಸಾಪ್ ವಿಡಿಯೋ. ಅಲ್ಲಿ ಆಗ ಬೆಳಗಿನ ಏಳು, ಕಾಫಿ ಕುಡಿದು ಫ್ರೆಶ್ ಆಗಿರುತ್ತಾರೆ. ಇಂಥವನಿಗೆ ಡೆಕ್ಕಿನಲ್ಲಿ ದೇವರಂತೆ ಕಾಣುವುದು ನೆತ್ತಿಯ ಮೇಲಿನ ಪವರ್ ಗುಂಡಿ. ಒತ್ತಿದರೆ ಆಟ ಇದ್ದಲ್ಲೇ ಮಲಗುತ್ತದೆ. ಮತ್ತೆ ಒತ್ತಿದರೆ ಬಿಟ್ಟ ಹೆಜ್ಜೆಯಿಂದಲೇ ಏಳುತ್ತದೆ. 2022ರ ‘ಎಲ್ಡನ್ ರಿಂಗ್’ ಇದೆಯಲ್ಲ, ಅದರಲ್ಲಿ ಆಟ ತಡೆಯುವ ಗುಂಡಿಯೇ ಇಲ್ಲ. ಮೆನು ತೆರೆದು ಕೂತರೂ ರಾಕ್ಷಸ ಬಂದು ಬಡಿಯುತ್ತಾನೆ. ಅಂಥ ರಾಕ್ಷಸನೂ ಪವರ್ ಗುಂಡಿಗೆ ಕತ್ತಿ ಎತ್ತಿದ ಭಂಗಿಯಲ್ಲೇ ನಿದ್ದೆ ಹೋಗುತ್ತಾನೆ. ನಾನು ಹೋಗಿ ಕಸ ಆಚೆ ಇಟ್ಟು ಬರುತ್ತೇನೆ.

ಇದಕ್ಕೆ ಬಗ್ಗದ್ದು ಒಂದೇ, ಆನ್‌ಲೈನ್ ಆಟ. ಆ ತುದಿಯಲ್ಲಿ ಜೀವಂತ ಮನುಷ್ಯನಿದ್ದರೆ ಅವನು ನಮ್ಮ ಸಾರು ಕುದಿಯುವವರೆಗೆ ಕಾಯುವುದಿಲ್ಲ. ಹದಿಮೂರರ ನನ್ನ ಮಗರಾಯನಿಗೆ ಬೇಕಾದದ್ದು ಮಾತ್ರ ‘ಫೋರ್ಟ್‌ನೈಟ್’, ಅದೂ ಹಗಲೂ ರಾತ್ರಿ. ಮೋಸಗಾರರನ್ನು ಹಿಡಿಯುವ ಕಾವಲು ತಂತ್ರಾಂಶದ ಕಾರಣದಿಂದ ಅದು ಸ್ಟೀಮ್ ಡೆಕ್ಕಿನ ಲಿನಕ್ಸಿನಲ್ಲಿ ನಡೆಯುವುದಿಲ್ಲ. ಈ ವಿಷಯ ಗೊತ್ತಾದ ದಿನ ಮಗ ಊಟ ಬಿಟ್ಟ. ನಾನು ಮನಸ್ಸಿನಲ್ಲೇ ಕುರುಡುಮಲೆ ಗಣಪತಿಗೆ ಕಾಯಿ ಹರಸಿಕೊಂಡೆ. ವಿಂಡೋಸ್ ಯಂತ್ರದಲ್ಲಾದರೆ ಅದು ನಡೆಯುತ್ತದೆ ಎಂಬುದನ್ನು ಅವನು ಪತ್ತೆ ಮಾಡಿದ್ದಾನೆ. ಹುಟ್ಟುಹಬ್ಬ ಹತ್ತಿರ ಬರುತ್ತಿದೆ. ಕಾಯಿ ಇನ್ನೂ ಒಡೆಸಿಲ್ಲ.

ಕರೆದಾಗ ಬಿಡಬಹುದಾದ ಆಟ ಅಂತ ಖಾತ್ರಿಯಾದ ಮೇಲೆ ನೋಡಬೇಕಾದ್ದು ಅಕ್ಷರದ ಗಾತ್ರ. ವಾಲ್ವ್‌ನವರು ಒಂದೊಂದು ಆಟವನ್ನೂ ಪರೀಕ್ಷಿಸಿ ಪಾಸಾದದ್ದಕ್ಕೆ ಹಸಿರು ಗುರುತು ಹಾಕುತ್ತಾರೆ. ಅತಿ ಚಿಕ್ಕ ಅಕ್ಷರವೂ 9 ಪಿಕ್ಸೆಲ್ ಎತ್ತರಕ್ಕಿಂತ ಕಡಿಮೆ ಇರಬಾರದು ಎಂಬುದು ಅವರ ನಿಯಮ. 9 ಪಿಕ್ಸೆಲ್ ಇಪ್ಪತ್ತೈದರ ಕಣ್ಣಿಗೆ ಅಕ್ಷರ. ಚಾಳೀಸಿನ ಕಣ್ಣಿಗೆ ಸಾಸಿವೆ. ಆದ್ದರಿಂದ ಪಾತ್ರಗಳು ಉದ್ದುದ್ದ ಮಾತಾಡುವ, ಕತ್ತಿಗೂ ಟೋಪಿಗೂ ಪುಟಗಟ್ಟಲೆ ವಿವರಣೆ ಇರುವ ಆಟಗಳನ್ನು ನಾನು ಮೂಸಿಯೂ ನೋಡುವುದಿಲ್ಲ. ಬ್ಯಾಟರಿಯದ್ದೂ ಇಂಥದೇ ಲೆಕ್ಕ. ‘ಸೈಬರ್‌ಪಂಕ್’ ಥರದ ಭಾರೀ ಆಸಾಮಿಗಳು ಎರಡು ಗಂಟೆ ಚಿಲ್ಲರೆಯಲ್ಲಿ ಅದನ್ನು ಕುಡಿದು ಖಾಲಿ ಮಾಡುತ್ತವೆ. ಪುಟ್ಟ ಚಿತ್ರಗಳ ಸಾದಾ ಆಟಗಳು ಅದರ ಮೂರು ಪಟ್ಟು ಬಾಳುತ್ತವೆ. ಬೆಂಗಳೂರಿಗೆ ಹೊರಟರೆ ಒಂದು ದಿನದ ಪ್ರಯಾಣ, ಹಿಂದಿನ ಸೀಟಿನ ಮಗು ಅಷ್ಟೂ ಹೊತ್ತು ಎಚ್ಚರ. ಎಂಥ ಆಟ ಒಯ್ಯಬೇಕು, ನೀವೇ ಹೇಳಿ.

ದುಡ್ಡಿನ ಮಾತು ಬಂದರೆ, ಸ್ಟೀಮಿನಲ್ಲಿ ಕೊಂಡ ಆಟವನ್ನು ಎರಡು ಗಂಟೆಗಿಂತ ಕಡಿಮೆ ಆಡಿ, ಹದಿನಾಲ್ಕು ದಿನದೊಳಗೆ ವಾಪಸ್ ಕೊಡಬಹುದು. ಇದನ್ನು ಅಮ್ಮನಿಗೆ ಹೇಳಿದೆ. ‘ಎರಡು ಗಂಟೆ ಸೀರೆ ಉಟ್ಕೊಂಡು ಮದುವೆ ಊಟ ಮುಗಿಸ್ಕೊಂಡು ಬಂದು ವಾಪಸ್ ಕೊಟ್ಟಂಗೆ’ ಅಂದಳು. ಸೀರೆಯ ಮಾತು ಬರಬಾರದಿತ್ತು. ಬೇಸಿಗೆಯ ಸೇಲು ಬಂದಾಗಲೆಲ್ಲ ನಾನು ತೊಂಬತ್ತು ಪರ್ಸೆಂಟ್ ಡಿಸ್ಕೌಂಟ್ ಎಂದು ಆಟಗಳನ್ನು ಗುಡ್ಡೆ ಹಾಕುವುದು, ಅದರಲ್ಲಿ ಮುಕ್ಕಾಲು ಪಾಲು ತೆರೆದೂ ನೋಡದಿರುವುದು ಮನೆಯಲ್ಲಿ ಗೊತ್ತಿರುವ ಸಂಗತಿ. ‘ಆಡದೇ ಇರೋ ಆಟ ಎಷ್ಟಿದೆ ರೀ?’ ಎಂದು ನನ್ನಾಕೆ ಕೇಳುತ್ತಾಳೆ. ‘ಉಡದೇ ಇರೋದು ಎಷ್ಟಿದೆ?’ ಎಂದು ನಾನು ಬೀರುವಿನ ಕಡೆ ನೋಡುತ್ತೇನೆ. ಆಮೇಲೆ ಇಬ್ಬರೂ ಬೇರೆ ವಿಷಯ ಮಾತಾಡುತ್ತೇವೆ.

ಈ ಎಲ್ಲ ಪರೀಕ್ಷೆಗಳಲ್ಲೂ ಪಾಸಾದ ಆಟ ‘ಬಲಾತ್ರೋ’. 2024ರ ಫೆಬ್ರವರಿಯಲ್ಲಿ ಬಂದದ್ದು, ತನ್ನ ಹೆಸರು ಹೇಳಿಕೊಳ್ಳದ ಒಬ್ಬನೇ ಮನುಷ್ಯ ಕೆನಡಾದಲ್ಲಿ ಕೂತು ಮಾಡಿದ್ದು. ಅಕ್ಷರ ದಪ್ಪ, ಬ್ಯಾಟರಿಗೆ ಹಿತ, ಎಲ್ಲಿ ಬೇಕಾದರೂ ನಿಲ್ಲಿಸಬಹುದು. ದೋಷ ಒಂದೇ: ಅದು ಪೋಕರ್ ಎಲೆಗಳ ಆಟ. ಅಮ್ಮ ಸೋಫಾದ ಹಿಂದಿನಿಂದ ಬಗ್ಗಿ ನೋಡಿದಳು.

‘ಇಸ್ಪೀಟಾ?’

ದುಡ್ಡು ಕಟ್ಟುವುದಿಲ್ಲ, ಬರೀ ಅಂಕ ಎಂದೆ. ‘ನಿಮ್ಮ ತಾತಾನೂ ಹಂಗೇ ಶುರು ಮಾಡಿದ್ದು. ಕೆರೆ ಕೆಳಗಿನ ಎರಡು ಎಕರೆ ಹೋಯ್ತು. ಡಿವಿಜಿ ಹುಟ್ಟಿದ ಊರಲ್ಲಿ ಹುಟ್ಟಿ ಅಮೆರಿಕಾಗೆ ಬಂದು ಇಸ್ಪೀಟಾಡ್ತೀಯಲ್ಲೋ’ ಅಂದಳು. ಯುರೋಪಿನ ವಯೋಮಿತಿ ಮಂಡಳಿಯೂ ಅಮ್ಮನ ಪಕ್ಷವೇ ವಹಿಸಿ, ಜೂಜಿನ ವಾಸನೆಯಿದೆ ಎಂದು ಇದಕ್ಕೆ 18 ವರ್ಷದ ಮುದ್ರೆ ಒತ್ತಿತ್ತು. 2025ರಲ್ಲಿ ಮನಸ್ಸು ಬದಲಾಯಿಸಿ 12ಕ್ಕೆ ಇಳಿಸಿತು. ಅಮ್ಮ ಇನ್ನೂ ಬದಲಾಯಿಸಿಲ್ಲ.

ಅವಳನ್ನು ಸಮಾಧಾನ ಮಾಡಲು ‘ವೆಣ್ಬಾ’ ತೆಗೆದೆ. 2023ರದ್ದು. 1988ರಲ್ಲಿ ಕೆನಡಾಕ್ಕೆ ಹೋದ ತಮಿಳು ಸಂಸಾರದ ಕಥೆ; ತಾಯಿ ತಂದಿರುವ ಹರಿದ ಅಡುಗೆ ಪುಸ್ತಕ ನೋಡಿಕೊಂಡು ಇಡ್ಲಿಯಿಂದ ಶುರು ಮಾಡಿ ಒಂದೊಂದೇ ಅಡುಗೆ ಮಾಡುತ್ತಾ ಹೋಗಬೇಕು. ನಮ್ಮೂರಿನಿಂದ ಆಂಧ್ರದ ಗಡಿ ಒಂದು ಕೂಗಳತೆ, ತಮಿಳುನಾಡೂ ದೂರವಲ್ಲ. ಮೂರು ಭಾಷೆಯೂ ಕಿವಿಗೆ ಬಿದ್ದೇ ಬೆಳೆಯುತ್ತೇವೆ. ಅಮ್ಮ ಕಥೆಯನ್ನು ಬಿಡದೆ ನೋಡಿದಳು. ಪರದೆಯ ಮೇಲಿನ ಹುಡುಗ ಬೆಳೆಯುತ್ತಾ ಅಮ್ಮನ ಭಾಷೆಗೆ ಇಂಗ್ಲಿಷಿನಲ್ಲಿ ಉತ್ತರ ಕೊಡತೊಡಗಿದಾಗ ನನ್ನ ಮಗರಾಯ ಎದ್ದು ‘ಐ ಹ್ಯಾವ್ ಹೋಮ್‌ವರ್ಕ್’ ಎಂದು ಮಹಡಿ ಹತ್ತಿದ. ಒಂದೂವರೆ ಗಂಟೆಯಲ್ಲಿ ಆಟ ಮುಗಿಯಿತು. ‘ಚೆನ್ನಾಗಿತ್ತು. ಆದರೆ ಇಷ್ಟು ಹೊತ್ತಿನಲ್ಲಿ ನಿಜವಾದ ಇಡ್ಲಿ ಎರಡು ಒಬ್ಬೆ ತೆಗೀಬಹುದಿತ್ತು’ ಅಂದಳು.

ಕೊನೆಗೆ ಅಮ್ಮ ಸಿಕ್ಕಿಬಿದ್ದದ್ದು ‘ಸ್ಟಾರ್‌ಡ್ಯೂ ವ್ಯಾಲಿ’ಯಲ್ಲಿ. ಎರಿಕ್ ಬರೋನ್ ಎಂಬಾತ ನಾಲ್ಕಾರು ವರ್ಷ ಒಬ್ಬನೇ ಕೂತು ಚಿತ್ರ, ಸಂಗೀತ, ಕೋಡು ಎಲ್ಲ ತಾನೇ ಮಾಡಿ 2016ರಲ್ಲಿ ಹೊರತಂದ ಬೇಸಾಯದ ಆಟ ಅದು. ನಾನು ಪಾತಿ ಮಾಡಿ ಬೀಜ ಹಾಕುತ್ತಿದ್ದೆ.

‘ಏನು ಬೆಳೆ?’

‘ಟಮೋಟ.’

ಕೋಲಾರ ಜಿಲ್ಲೆಯವರ ಮುಂದೆ ಟಮೋಟದ ಮಾತನ್ನು ಹಗುರವಾಗಿ ಎತ್ತಬಾರದು. ಅಮ್ಮ ಕನ್ನಡಕ ಏರಿಸಿ ಪಕ್ಕದಲ್ಲಿ ಕೂತಳು.

‘ಎಷ್ಟು ದಿನದ್ದು?’

‘ಹನ್ನೊಂದು ದಿನಕ್ಕೆ ಮೊದಲನೇ ಕೊಯ್ಲು. ಆಮೇಲೆ ನಾಲ್ಕು ದಿನಕ್ಕೊಂದ್ಸಲ.’

‘ಹನ್ನೊಂದು ದಿನಕ್ಕೆ ನಮ್ಮಲ್ಲಿ ಸಸಿ ನರ್ಸರಿಯಿಂದಾನೇ ಆಚೆ ಬಂದಿರಲ್ಲ. ಔಷಧಿ ಏನು ಹೊಡೀತೀಯ?’

‘ಏನೂ ಇಲ್ಲ. ರೋಗಾನೇ ಬರಲ್ಲ.’

‘ನೀರು? ಬೋರು ಎಷ್ಟು ಅಡಿ?’

‘ಬೋರಿಲ್ಲಮ್ಮ. ಅಲ್ಲಿ ಕೆರೆ ಇದೆಯಲ್ಲ, ಅದರಿಂದ ತುಂಬ್ಕೊಂಡು ಬಂದು ಹಾಕೋದು.’

‘ಕೆರೇಲಿ ನೀರಿದೆಯಾ!’

ವರ್ಷವಿಡೀ ಹರಿಯುವ ನದಿಯಿಲ್ಲದ ಜಿಲ್ಲೆ ನಮ್ಮದು. ಬೋರು ಸಾವಿರ ಅಡಿ ದಾಟಿ ಎಷ್ಟೋ ಕಾಲವಾಯಿತು. 2018ರಿಂದ ಬೆಂಗಳೂರಿನ ಕೊಳಚೆ ನೀರು ಸಂಸ್ಕರಿಸಿ ಕೆ.ಸಿ. ವ್ಯಾಲಿ ಯೋಜನೆಯಲ್ಲಿ ಕೋಲಾರದ ಕೆರೆಗಳಿಗೆ ಹರಿಸುತ್ತಿದ್ದಾರೆ. ಅಮ್ಮ ಆ ನೀಲಿ ನೀರನ್ನು ಸ್ವಲ್ಪ ಹೊತ್ತು ಅನುಮಾನದಿಂದ ನೋಡಿದಳು. ‘ಇದೂ ಬೆಂಗಳೂರಿಂದ ಬಂದಿದ್ದಾ?’

ಆಮೇಲೆ ರೇಟಿನ ವಿಚಾರಣೆ. ಸಾದಾ ಹಣ್ಣಿಗೆ ಅರವತ್ತು ಚಿನ್ನದ ನಾಣ್ಯ ಎಂದೆ. ‘ಈ ವಾರ ಅರವತ್ತಾ?’ ಯಾವಾಗಲೂ ಅಷ್ಟೇ ಎಂದಾಗ ಅವಳ ಮುಖದ ಮೇಲೆ ಮೂಡಿದ್ದನ್ನು ನಾನು ಯಾವ ದೇವಸ್ಥಾನದಲ್ಲೂ ಕಂಡಿಲ್ಲ. ಕೋಲಾರದ ಮಂಡಿಯಲ್ಲಿ ಹದಿನೈದು ಕೆಜಿಯ ಬಾಕ್ಸು 2023ರ ಜುಲೈನಲ್ಲಿ ಎರಡು ಸಾವಿರ ರೂಪಾಯಿ ದಾಟಿತ್ತು. ಅದೇ ಟಮೋಟವನ್ನು ಬಿಡಿಸಿದ ಕೂಲಿಯೂ ಹುಟ್ಟದೆ ರಸ್ತೆ ಪಕ್ಕ ಸುರಿದು ಹೋದ ವರ್ಷಗಳೂ ಇವೆ.

‘ಮಂಡಿಗೆ ಯಾರು ಹೊಡ್ಕೊಂಡು ಹೋಗ್ತಾರೆ?’

‘ರಾತ್ರಿ ಈ ಪೆಟ್ಟಿಗೇಲಿ ಹಾಕಿ ಮಲಗಿದ್ರೆ ಊರಿನ ಮೇಯರ್ರೇ ಬಂದು ತಗೊಂಡು ಹೋಗ್ತಾನೆ. ಬೆಳಿಗ್ಗೆ ದುಡ್ಡು.’

‘ಕಮಿಷನ್ನು?’

‘ಇಲ್ಲ.’

‘ಎಲೆಕ್ಷನ್ ಹತ್ತಿರ ಇರಬೇಕು’ ಅಂದಳು ಅಮ್ಮ.

ಅವತ್ತಿನಿಂದ ಡೆಕ್ಕು ನನ್ನ ಕೈಗೆ ಸಿಗಲಿಲ್ಲ. ಮೊಮ್ಮಗ ಗುರು, ಅಜ್ಜಿ ಶಿಷ್ಯೆ. ಕನ್ನಡದಲ್ಲಿ ಎರಡು ಮಾತು ಆಡಲು ಡಾಲರ್ ಕೇಳುತ್ತಿದ್ದವನು ‘ಅಜ್ಜಿ, ಎಡಗಡೆ, ಎಡಗಡೆ! ಕಾಗೆ ಬರುತ್ತೆ, ಬೆದರುಬೊಂಬೆ ಇಡು!’ ಎಂದು ಕೂಗುತ್ತಿದ್ದ. ಈ ಆಟದಲ್ಲಿ ಒಂದು ಋತುವಿಗೆ 28 ದಿನ. ಬೇಸಿಗೆ ಮುಗಿದ ಮರುಬೆಳಿಗ್ಗೆ ಟಮೋಟ ಗಿಡಗಳೆಲ್ಲ ಒಣಗಿ ನಿಲ್ಲುತ್ತವೆ. ಹುಡುಗ ಮೊದಲೇ ಎಚ್ಚರಿಸಿದ್ದ. ಅಮ್ಮ ನಂಬಿರಲಿಲ್ಲ; ಕಾಯಿ ಜಗ್ಗುತ್ತಿರುವ ಗಿಡ ರಾತ್ರೋರಾತ್ರಿ ಸಾಯುವುದುಂಟೇ? ಬೆಳಿಗ್ಗೆ ತೋಟ ನೋಡಿದವಳೇ ನನ್ನ ಆಫೀಸ್ ಮೀಟಿಂಗಿಗೆ ನುಗ್ಗಿ, ಕ್ಯಾಮೆರಾದ ಮುಂದೆಯೇ ಕೇಳಿದಳು: ‘ಬೆಳೆ ವಿಮೆ ಕಟ್ಟಿದೀಯೇನೋ?’

ಅಮ್ಮ ಊರಿಗೆ ವಾಪಸಾದ ಮೇಲೆ ಡೆಕ್ಕು ಮತ್ತೆ ನನ್ನದಾಯಿತು. ಒಂದು ರಾತ್ರಿ ಎಲ್ಡನ್ ರಿಂಗಿನ ರಾಕ್ಷಸನ ಹತ್ತಿರ ಹೊಡೆಸಿಕೊಳ್ಳುತ್ತಿದ್ದಾಗ, ಒಂಬತ್ತೂವರೆಗೆ ಸರಿಯಾಗಿ, ಮುಳಬಾಗಿಲಿನಿಂದ ದೊಡ್ಡಪ್ಪನ ಮಗನ ಕರೆ. ಗುಂಡಿ ಒತ್ತಿ ರಾಕ್ಷಸನನ್ನು ಮಲಗಿಸಿ ಫೋನ್ ಎತ್ತಿದೆ.

‘ಏನಪ್ಪಾ, ಅಮೆರಿಕಾದಲ್ಲಿ ಟಮೋಟ ಹಾಕಿದೀಯಂತೆ? ಚಿಕ್ಕಮ್ಮ ಹೇಳಿದ್ರು. ರೇಟು ಬೀಳೋದೇ ಇಲ್ವಂತೆ, ಕಮಿಷನ್ನೂ ಇಲ್ವಂತೆ?’

‘ಅಯ್ಯೋ, ಅದು ಆಟ ಅಣ್ಣ.’

‘ಟಮೋಟ ಯಾವತ್ತಪ್ಪಾ ಆಟ ಅಲ್ಲದೇ ಇದ್ದಿದ್ದು? ಅದಿರಲಿ, ಎಷ್ಟು ಎಕರೆ ಹಾಕಿದೀಯ, ಹೇಳು.’